ಭೋಗಿಯ ದಿನ ಕಸಕ್ಕೆ ಹೋಗಿ ಮರಳಿ ಬಂದ ಡಿಎಲ್ಎಲ್ ಕಡತದವರಿಗೆ

ಸೆಕ್‌ಗಾರ್ಡ್ ಮೂವತ್ತೆರಡು ಡಾಟ್ ಡಿಎಲ್ಎಲ್ ಎಂಬ ನಾಮಧೇಯದಿಂದ ನಮ್ಮ ಮನೆ ಕಂಪ್ಯೂಟರಿನ ಸಿ ಡ್ರೈವಿನ ಒಳಕೋಣೆಯಲ್ಲಿ ಬಾಡಿಗೆಯಿಲ್ಲದೆ ವಾಸವಾಗಿರುವ ಭದ್ರತಾ ಕಡತದವರ ಸನ್ನಿಧಾನಕ್ಕೆ,

ಮಾನ್ಯರೇ,

ಬೇರಿಕೆಯ ಕೆಂಪರಾಜು ಎಂಬ ನಾನು ಹೆಗಲ ಮೇಲಿನ ಟವೆಲ್ಲು ಸೊಂಟಕ್ಕೆ ಸುತ್ತಿ ಮಾಡುವ ನಮಸ್ಕಾರಗಳು. ನಾನು ಓದಿದ್ದು ಊರ ಶಾಲೆಯಲ್ಲಿ ಎಂಟನೆಯವರೆಗೆ ಮಾತ್ರವಾದರೂ ಪಂಪುಸೆಟ್ಟು, ಟಿಲ್ಲರು, ನಾದಿನಿಯ ಮನೆಯ ಮಿಕ್ಸಿ ಸೇರಿದಂತೆ ಈ ಸೀಮೆಯ ಸಮಸ್ತ ಯಂತ್ರಗಳನ್ನೂ ಬಿಚ್ಚಿದ್ದೇನೆ, ಕೆಲವನ್ನು ಮರಳಿ ಜೋಡಿಸಿಯೂ ಇದ್ದೇನೆ. ಇಂಥವನ ಮಾನವನ್ನು ಜೂಜುವಾಡಿಯ ಒಂದು ಅಂಗಡಿಯಲ್ಲಿ ಹರಾಜು ಹಾಕಿದ ತಮ್ಮ ಸಾಧನೆ ಸಾಮಾನ್ಯವಾದುದಲ್ಲ.

ಸಂಕ್ರಾಂತಿಯ ಹಿಂದಿನ ದಿನವಾದ ಭೋಗಿಯಂದು ಹಳೆಯದನ್ನೆಲ್ಲ ಮನೆಯಿಂದ ಹೊರಹಾಕುವುದು ನಮ್ಮ ಕಡೆಯ ಪದ್ಧತಿ ಎಂಬುದು ತಮ್ಮ ಅರಿವಿಗೆ ಬಂದಿರಲಾರದು. ನನ್ನ ಹೆಂಡತಿ ಅಂಜಮ್ಮ ಹರಿದ ಚಾಪೆ, ಮುರಿದ ಮೊರಗಳನ್ನು ಬೀದಿಯ ಬೆಂಕಿಗೆ ಹಾಕುತ್ತಿದ್ದಳು. ಬಹಳ ದಿನದಿಂದ ಆಮೆಯಂತೆ ತೆವಳುತ್ತಿದ್ದ ಕಂಪ್ಯೂಟರಿಗೂ ಒಂದು ಭೋಗಿ ಆಗಲೆಂದು ನಾನು ಕುಳಿತೆ. ಕಡತಗಳನ್ನು ವಯಸ್ಸಿನ ಪ್ರಕಾರ ಸಾಲಾಗಿ ನಿಲ್ಲಿಸಿದಾಗ ಎಲ್ಲರಿಗಿಂತ ಮುಂದೆ ನಿಂತಿದ್ದವರು ತಾವು. ತಮಗೊಂದು ಚಿತ್ರವಿಲ್ಲ, ಬಣ್ಣವಿಲ್ಲ. ಎರಡು ಸಲ ಒತ್ತಿ ಮಾತಾಡಿಸಿದರೆ ‘ಇದನ್ನು ಯಾವುದರಲ್ಲಿ ತೆರೆಯಲಿ’ ಎಂದು ನನ್ನನ್ನೇ ಕೇಳಿದಿರಿ. ಹನ್ನೆರಡು ವರ್ಷದಲ್ಲಿ ಈ ಮನೆಯವರೊಬ್ಬರೂ ತಮ್ಮನ್ನು ಹೆಸರು ಹಿಡಿದು ಕರೆದದ್ದಿಲ್ಲ. ಇಷ್ಟು ಲಕ್ಷಣಗಳಿರುವವರನ್ನು ಯಾವ ಬುದ್ಧಿವಂತ ಇಟ್ಟುಕೊಳ್ಳುತ್ತಾನೆ?

ತಮ್ಮನ್ನು ಅಳಿಸುವ ಗುಂಡಿ ಒತ್ತಿದೆ. ಆಗ ತಾವು ‘ಇದಕ್ಕೆ ನಿಮಗೆ ಅನುಮತಿ ಇಲ್ಲ’ ಎಂದಿರಿ. ನಾನು ಹೊಸೂರಿನ ಕಾರ್ಖಾನೆಯ ಹರಾಜಿನಲ್ಲಿ ಗೆದ್ದು ಮೊಪೆಡ್ಡಿನ ಮೇಲೆ ತೊಡೆಸಂದಿಯಲ್ಲಿ ಹೊತ್ತುತಂದ ಕಂಪ್ಯೂಟರಿನೊಳಗೆ ಕುಳಿತು ನನಗೇ ಅನುಮತಿ ಇಲ್ಲ ಎನ್ನುವ ಧೈರ್ಯವನ್ನು ಮೆಚ್ಚಲೇಬೇಕು. ನಾನೂ ಬಿಡಲಿಲ್ಲ. ಒಂದು ತಮಿಳು ವಿಡಿಯೊ ಹಾಕಿಕೊಂಡು, ಅದರಲ್ಲಿನ ಅಣ್ಣ ಹೇಳಿದಂತೆ ತಮ್ಮ ಇಡೀ ಫೋಲ್ಡರಿಗೆ ನಾನೇ ಮಾಲೀಕನೆಂದು ಹೆಸರು ಬರೆಸಿ, ತಮ್ಮನ್ನು ಕಸದ ಬುಟ್ಟಿಗೆ ಹಾಕಿ, ಬುಟ್ಟಿಯನ್ನೂ ಕೊಡವಿದೆ. ಊರನ್ನೇ ಕಾಯುತ್ತೇನೆಂದು ಕುಳಿತ ಕಾವಲುಗಾರನಿಗೆ ಎಂಟನೇ ಕ್ಲಾಸಿನವನ ಎರಡು ಬೆರಳಿನಿಂದ ತನ್ನನ್ನು ತಾನು ಕಾಯ್ದುಕೊಳ್ಳಲಾಗಲಿಲ್ಲ. ತಮ್ಮ ಭದ್ರತೆಗೆ ಎಷ್ಟು ಕೈಮುಗಿದರೂ ಕಡಿಮೆಯೇ.

ಮರುಕ್ಷಣದಿಂದ ಶುರುವಾಯಿತು ತಮ್ಮವರ ಮುಷ್ಕರ. ಇಂಟರ್ನೆಟ್ ತೆರೆಯದು, ಪ್ರಿಂಟರ್ ಉಸಿರೆತ್ತದು. ಯಾರನ್ನು ಕೇಳಿದರೂ ‘ಸೆಕ್‌ಗಾರ್ಡ್ ಕಾಣೆಯಾಗಿದ್ದಾರೆ, ನಾವು ಏಳುವುದಿಲ್ಲ’ ಎಂಬ ಒಂದೇ ಪಾಠ. ಅಡುಗೆಭಟ್ಟನೊಬ್ಬ ಎದ್ದು ಹೋದನೆಂದು ಮದುವೆಮನೆಗೆ ಮದುವೆಮನೆಯೇ ಉಪವಾಸ ಕೂತಂತೆ. ಇಷ್ಟು ಮನೆಗಳಿಗೆ ತಾವೊಬ್ಬರೇ ದುಡಿಯುತ್ತಿದ್ದಿರಿ ಎಂಬುದನ್ನು ಮೊದಲೇ ಒಂದು ಮಾತು ಕೆಮ್ಮಿ ತಿಳಿಸಿದ್ದರೆ ತಮ್ಮ ಗಂಟೇನು ಹೋಗುತ್ತಿತ್ತು?

ಇಷ್ಟಾದರೂ ನಗಬಹುದಿತ್ತು. ಆದರೆ ನನ್ನ ತಂಗಿಯ ಮಗಳು ಸುಷ್ಮಾ, ನಮ್ಮ ಮನೆಯಲ್ಲಿದ್ದುಕೊಂಡು ಇಲ್ಲಿನ ಖಾಸಗಿ ಶಾಲೆಯಲ್ಲಿ ಪಾಠ ಹೇಳುವವಳು, ಸರ್ಕಾರಿ ಶಾಲೆಯ ಕನ್ನಡ ಟೀಚರ್ ಕೆಲಸಕ್ಕೆ ಅರ್ಜಿ ತುಂಬಿ, ‘ಹಬ್ಬ ಮುಗಿಸಿ ಬಂದು ಕಳಿಸ್ತೀನಿ’ ಎಂದು ನಾಟ್ರಾಂಪಾಳ್ಯದ ಅಪ್ಪನ ಮನೆಗೆ ಹೋಗಿದ್ದಳು. ಹಬ್ಬದ ಮಾರನೆಯ ದಿನ ಸಂಜೆ ಐದಕ್ಕೆ ಗಡುವು. ಅವಳ ಸರ್ಟಿಫಿಕೇಟುಗಳ ಅಸಲು ಪ್ರತಿ ಆ ಖಾಸಗಿ ಶಾಲೆಯವರ ಬೀರುವಿನಲ್ಲಿ, ಶಾಲೆಗೆ ರಜೆ. ನಕಲು ಪ್ರತಿ ಇದ್ದದ್ದು ಕಂಪ್ಯೂಟರಿನ ಬೀಗ ಹಾಕಿದ ಫೋಲ್ಡರಿನಲ್ಲಿ. ಆ ಬೀಗ ತೆಗೆಯಬೇಕಾದವರು ಯಾರು? ತಾವು.

ನಾನು ಅವಳಿಗೆ ಫೋನು ಮಾಡಿ, ಎಲ್ಲಿಂದಲೋ ಒಂದು ದೊಡ್ಡ ವೈರಸ್ ನುಗ್ಗಿದೆ, ನಾನಿದ್ದದ್ದರಿಂದ ಅಷ್ಟಕ್ಕೇ ನಿಂತಿದೆ ಎಂದೆ. ಅಂಜಮ್ಮ ಪಕ್ಕದಲ್ಲೇ ನಿಂತು, “ಹಳೇದೆಲ್ಲ ಆಚೆಗಾಕಂಗಿದ್ರೆ ಮೊದ್ಲು ನಿನ್ನೇ ಹಾಕ್ಬೇಕಾಗಿತ್ತು ಕಣಯ್ಯ,” ಎಂದು ಆಶೀರ್ವದಿಸಿದಳು. ಗಡುವಿನ ದಿನ ಮಧ್ಯಾಹ್ನ ಬಸ್ಸಿಳಿದು ಬಂದ ಹುಡುಗಿ ಕೈಕಾಲು ತೊಳೆಯದೆ ಕಂಪ್ಯೂಟರಿನ ಪೆಟ್ಟಿಗೆಯನ್ನು ಮಡಿಲಿಗೆ ಹಾಕಿಕೊಂಡು ಮೊಪೆಡ್ಡಿನ ಹಿಂದೆ ಕುಳಿತಳು. ಜೂಜುವಾಡಿಯ ಲಾರಿಗಳ ನಡುವೆ ನುಗ್ಗುವಾಗ ಅವಳು ಅಳುತ್ತಿದ್ದಳು. ನನಗೆ ಹಾರನ್ನು ಹೊಡೆಯುವುದು ಬಿಟ್ಟು ಬೇರೇನೂ ತೋಚಲಿಲ್ಲ.

ಅಲ್ಲಿನ ರಿಪೇರಿ ಅಂಗಡಿಯ ಅಂಬರೀಶ್ ಬೇರೊಂದು ಕಂಪ್ಯೂಟರಿನಿಂದ ತಮ್ಮ ತದ್ರೂಪನ್ನು ಪೆನ್‌ಡ್ರೈವಿನಲ್ಲಿ ತಂದು ಕೂರಿಸಿದ. ಎರಡು ನಿಮಿಷದ ಕೆಲಸ. ಅಲ್ಲಿಗೇ ಸುಮ್ಮನಿರದೆ ಪರದೆಯ ಮೇಲೆ ಬೆರಳಿಟ್ಟು, “ಇದು ವೈರಸ್ ಕೆಲ್ಸ ಅಲ್ಲಕ್ಕ, ಯಾರೋ ಕೂತ್ಕಂಡು ಅಳಿಸವ್ರೆ. ಫೋಲ್ಡರಿಗೆ ಓನರ್ರು ಕೆಂಪರಾಜು ಅಂತದೆ. ಯಾರಿವ್ರು?” ಎಂದ.

ಸುಷ್ಮಾ ನನ್ನ ಕಡೆ ತಿರುಗಿಯೂ ನೋಡದೆ, “ವೈರಸ್ ಬಂದದೆ ಅಂತ ಫೋನ್ ಬಂತು ಅಂದೆನಲ್ಲಣ್ಣ, ಅದು ಇವ್ರೇ. ನಮ್ ಮಾವ,” ಎಂದಳು.

ಅಂಗಡಿಯಲ್ಲಿದ್ದ ಏಳು ಜನ ಮೂರು ಭಾಷೆಯಲ್ಲಿ ನಕ್ಕರು. ತಮ್ಮನ್ನು ಕಾಯ್ದುಕೊಳ್ಳಲು ಇಲ್ಲದ ಶಕ್ತಿ, ನನ್ನ ಹೆಸರನ್ನು ಕಾಯ್ದಿಡಲು ಎಲ್ಲಿಂದ ಬಂತು ಮಾನ್ಯರೇ?

ಅರ್ಜಿ ಐದಕ್ಕೆ ಹದಿನೈದು ನಿಮಿಷ ಇರುವಾಗ ಹೋಯಿತು. ರಸೀದಿ ಬಂದ ಮೇಲೆ ಹುಡುಗಿ ಅಲ್ಲೇ ಸ್ಟೂಲಿನ ಮೇಲೆ ಕುಸಿದು ಎರಡು ಲೋಟ ನೀರು ಕುಡಿದಳು. ಅಂದಿನಿಂದ ಮನೆಯಲ್ಲಿ ನನ್ನ ಮಾತಿಗೆ ಬೆಲೆಯಿಲ್ಲ. ಆದಕಾರಣ ತಮ್ಮಲ್ಲಿ ವಿನಂತಿ: ತಾವು ಮೈದಾಳಿ ನಮ್ಮ ಜಗುಲಿಗೆ ಬಂದು, ಕೆಂಪರಾಜುವಿನ ತಪ್ಪಿಲ್ಲ, ಬೇಸರವಾಗಿ ನಾನೇ ಎದ್ದು ಹೋಗಿದ್ದೆ ಎಂದು ಸುಷ್ಮಾಳ ಮುಂದೆ ಒಪ್ಪಿಕೊಳ್ಳಬೇಕು. ಬರಲಾಗದಿದ್ದರೆ ಕಾಲುಳುಕಿದೆ ಎಂಬ ಡಾಕ್ಟರ್ ಚೀಟಿಯನ್ನಾದರೂ ಕಳಿಸಬೇಕು.

ಇಂತು, ನಂಬಬಾರದವರನ್ನು ನಂಬಿ ಕೆಟ್ಟ,
ತಮ್ಮ ವಿಶ್ವಾಸಿ
ಕೆಂಪರಾಜು, ಬೇರಿಕೆ

ತಾ.ಕ.: ಸುಷ್ಮಾಳಿಗೆ ಸಂದರ್ಶನದ ಕರೆ ಬಂದಿದೆ. ಬರುವ ಗುರುವಾರ ಅವಳೂ ಅಂಜಮ್ಮನೂ ಕೃಷ್ಣಗಿರಿಗೆ ಹೋಗುತ್ತಾರೆ. ನನ್ನನ್ನು ಜೊತೆಗೆ ಕರೆದಿಲ್ಲ. ಆ ದಿನ ಬೆಳಗಿನಿಂದ ಸಂಜೆಯವರೆಗೆ ಮನೆಯಲ್ಲಿ ಇರುವವರು ನಾನು ಮತ್ತು ತಾವು, ಇಬ್ಬರೇ.