ಊರಿಗೊಂದು ಒಳ್ಳೆಯ ಮುಖ

ಗೌರಮ್ಮ: ಅಂಗಾರೆ ನೀನು ಬರಾಕಿಲ್ಲ?

ಚಿಕ್ಕಸಿದ್ದಯ್ಯ: ಎಂಗ್ ಬರ್ಲಮ್ಮಿ? ನಾಳೆ ಎಸ್ಸೆಸ್ಸೆಲ್ಸಿ ಪರೀಕ್ಸೆ. ಐಕ್ಳು ನನ್ ಮುಕ ನೋಡ್ದೆ ಬರ್ಯಾಕ್ ಎಂಗ್ ವೋದಾವು?

ಗೌರಮ್ಮನ ತಮ್ಮನಿಗೆ ಮದುವೆಯಾದ ಎಂಟು ವರ್ಷಕ್ಕೆ ಮಗು ಹುಟ್ಟಿದೆ. ನಾಳೆ ಅಕ್ಕಿಹೆಬ್ಬಾಳಿನಲ್ಲಿ ನಾಮಕರಣ. ಬ್ಯಾಗು ಹಿಡಿದು ನಿಂತಿದ್ದಾಳೆ; ಗಂಡ ಜಗಲಿ ಬಿಟ್ಟು ಏಳುತ್ತಿಲ್ಲ.

ಎಲ್ಲ ಶುರುವಾದದ್ದು ಹೋದ ವರ್ಷ, ತೊಂಬತ್ತೈದರಲ್ಲಿ. ಪಕ್ಕದ ಮನೆಯ ಜಯಕುಮಾರ ಇಂಟರ್‌ವ್ಯೂಗೆ ಹೊರಟಾಗ ಚಿಕ್ಕಸಿದ್ದಯ್ಯ ಎದುರಿಗೆ ಬಂದಿದ್ದ. ಜಯಕುಮಾರ ಬಸ್ ಕಂಡಕ್ಟರ್ ಆದ. ಅಂದಿನಿಂದ ಬೂಕನಕೆರೆಯಲ್ಲಿ ಹೆಣ್ಣು ನೋಡಲು ಹೊರಟವರು, ಹಸು ಕೊಳ್ಳಲು ಹೊರಟವರು ಎಲ್ಲರಿಗೂ ಇವನ ಮುಖವೇ ಬೇಕು. ವಾರಕ್ಕೊಮ್ಮೆ ಗಡ್ಡ ಹೆರೆಯುತ್ತಿದ್ದ ಮನುಷ್ಯ ದಿನಾ ಹೆರೆಯತೊಡಗಿದ. ಬಿಸಿಲಿಗೆ ಮುಖ ಕೆಡುತ್ತದೆಂದು ಗದ್ದೆಗೆ ನೀರು ಕಟ್ಟುವುದನ್ನೂ ಹೆಂಡತಿಗೇ ಬಿಟ್ಟ.

ಗೌರಮ್ಮ: ಸೋದರತ್ತೆ ನಾನು, ಮಗೀನ ತೊಟ್ಲಿಗೆ ಆಕ್ಬೇಕು. ಗಂಡ ಇಲ್ದೆ ಒಬ್ಳೇ ವೋದ್ರೆ ಜನ ಏನಂದಾರು?

ಚಿಕ್ಕಸಿದ್ದಯ್ಯ: ಇಲ್ಲೂ ಜನ ಅವ್ರೆ ಕಣಮ್ಮಿ. ಯಾವ್ದಾರ ಮಗ ಫೇಲಾದ್ರೆ ಯಾರ್ಗೆ ಕೆಟ್ಟೆಸ್ರು?

ಗೌರಮ್ಮ: ಓದ್ದೆ ಇದ್ರೆ ಫೇಲಾಯ್ತವೆ. ನಿನ್ ಮುಕದ್ ಮ್ಯಾಲೆ ಲೆಕ್ಕದ್ ಉತ್ರ ಬರ್ದದಾ?

ಚಿಕ್ಕಸಿದ್ದಯ್ಯ: ನಾನೇನ್ ಏಳ್ಕಂಡಿಲ್ಲ. ಊರೇ ಏಳ್ತದೆ. ಊರ್‌ದು ತಪ್ಪಾ?

ಊರಿಗೆ ಬುದ್ಧಿಯಿಲ್ಲ, ಕಟ್ಟಿಕೊಂಡವನಿಗೆ ಮೊದಲೇ ಇಲ್ಲ ಎಂದು ಗೌರಮ್ಮ ಬಯ್ಯುತ್ತಿರುವಾಗಲೇ ಜಯಕುಮಾರನ ಹೆಂಡತಿ ಸುಧ ಬಂದಳು. ಚಿಕ್ಕಸಿದ್ದಯ್ಯನ ಕಡೆ ನೋಡಲಾರದೆ ನೋಡಿದಳು.

ಸುಧ: ಬೇಜಾರ್ ಮಾಡ್ಕಬ್ಯಾಡಿ ಬಾವ. ಅವತ್ತು ನೀವು ಸಿಗಾಕ್ ಮುಂಚೇನೇ ನಮ್ಮನೇರು ನಲ್ಲಿ ತಾವ ಗೌರಕ್ಕನ್ನ ನೋಡಿದ್ರಂತೆ. ಬೆಳಿಗ್ಗೆ ಟೀ ಅಂಗ್ಡೀಲಿ ನೆಪ್ಪಾಗಿ ಎಲ್ರಿಗೂ ಏಳುದ್ರಂತೆ. ಮೊದ್ಲು ನೋಡಿದ್ ಮುಕ ಅಕ್ಕಂದೇಯ. ನಾಳೆ ಐಕ್ಳೆಲ್ಲ ಅಕ್ಕನ್ ಮುಕ ನೋಡಾಕ್ ಬತ್ತವೆ.

ಚಿಕ್ಕಸಿದ್ದಯ್ಯ ನುಣ್ಣನೆಯ ಗಲ್ಲ ಸವರಿಕೊಂಡ. ಪಾಪ, ಒಂದು ವರ್ಷದ ದೊಡ್ಡಸ್ತಿಕೆ ಒಂದು ಲೋಟ ಟೀ ಮುಗಿಯುವುದರೊಳಗೆ ಹೋಗಿತ್ತು. ಗೌರಮ್ಮ ಬ್ಯಾಗು ಕೆಳಗಿಟ್ಟು, ಸೆರಗಿನಿಂದ ಮುಖ ಒರೆಸಿಕೊಂಡು, ಜಗಲಿಯ ಮೇಲೆ ನೆಟ್ಟಗೆ ಕೂತಳು.

ಚಿಕ್ಕಸಿದ್ದಯ್ಯ: ನಡಿಯಮ್ಮಿ, ಬಸ್ಸು ಬರೋ ವೊತ್ತಾಯ್ತು.

ಗೌರಮ್ಮ: ನೀನ್ ವೋಗ್ಬುಟ್ ಬಾ. ಐಕ್ಳನ್ನ ಬುಟ್ಟು ನಾನೆಂಗ್ ಬರ್ಲಿ?

ಚಿಕ್ಕಸಿದ್ದಯ್ಯ: ಮಗೀನ ತೊಟ್ಲಿಗೆ ಯಾರ್ ಆಕೋರು?

ಗೌರಮ್ಮ: ನೀನೇ ಆಕು. ವೋಗೋವಾಗ ನನ್ ಮುಕ ನೋಡ್ಕಂಡ್ ವೋಗು, ಒಳ್ಳೇದಾಯ್ತದೆ.

ಚಿಕ್ಕಸಿದ್ದಯ್ಯ: ಇಪ್ಪತ್ ವರ್ಸದಿಂದ ದಿನಾ ಅದ್ನೇ ನೋಡ್ಕಂಡ್ ಎದ್ದಿವ್ನಿ. ನಂಗೊಂದ್ ಕಂಡಕ್ಟರ್ ಕೆಲ್ಸ ಬಂತಾ?

ಗೌರಮ್ಮ: ನೀನ್ ಯಾವತ್ತು ಅರ್ಜಿ ಆಕಿದ್ದೆ?