ಮೂರು ಸೇಬು ತಂದ ಭಾನುವಾರ

ಸುಮಾ, ರಂಗಣ್ಣ, ಭಾಗ್ಯ, ಇದನ್ನು ನಿಮಗೆಂದೇ ಬರೆಯುತ್ತಿದ್ದೇನೆ. ಬಾಯಲ್ಲೇ ಹೇಳಬಹುದಿತ್ತು. ಆದರೆ ನಾನು ಬಾಯಿ ತೆರೆಯುವಷ್ಟರಲ್ಲಿ ನೀವು ಆಟಕ್ಕೆ ಓಡಿರುತ್ತೀರಿ. ಓಡದೆ ಎದುರಿಗೆ ಕೂತುಬಿಟ್ಟರೆ ನನಗೇ ಮಾತು ನಿಂತುಹೋಗುತ್ತದೆ. ಚಿಕ್ಕಂದಿನಿಂದಲೂ ಹೀಗೆಯೇ. ದುದ್ದದ ಶಾಲೆಯಲ್ಲಿ ಮೇಷ್ಟ್ರು ನನ್ನ ಹೆಸರು ಕೂಗಿದರೆ ‘ಹಾಜರ್’ ಎನ್ನಲು ನಾಚಿಕೆ. ಎದುರಿಗೇ ಚಾಪೆಯ ಮೇಲೆ ಕೂತಿದ್ದರೂ ಎಷ್ಟೋ ದಿನ ಗೈರುಹಾಜರಿ ಹಾಕಿಸಿಕೊಂಡಿದ್ದೇನೆ. ನಾಲ್ಕನೇ ಕ್ಲಾಸು ಮುಗಿಯುವಾಗ ಮೇಷ್ಟ್ರು ನಮ್ಮಪ್ಪನ ಹತ್ತಿರ, “ನಿನ್ನ ಮಗಳು ಶಾಲೆಗೆ ಬರೋದೇ ಅಪರೂಪ, ಆದ್ರೂ ಅಕ್ಷರ ಮಾತ್ರ ಚೆನ್ನಾಗಿ ಬರೀತಾಳೆ, ಅದು ಹೆಂಗೆ?” ಎಂದು ಆಶ್ಚರ್ಯಪಟ್ಟರಂತೆ.

ಈಗ ನಿಮ್ಮ ಮನೆಯಲ್ಲಿ ಸೇಬು ಬುಟ್ಟಿಯಲ್ಲಿ ಬಿದ್ದಿರುತ್ತದೆ. ಅರ್ಧ ಕಚ್ಚಿ ಕಿಟಕಿಯ ಮೇಲೆ ಬಿಟ್ಟು ಹೋಗುತ್ತೀರಿ. ನಮ್ಮ ಕಾಲದಲ್ಲಿ ಬಾಳೆಹಣ್ಣು ತಿನ್ನುವುದಕ್ಕೆ, ತೆಂಗಿನಕಾಯಿ ದೇವರಿಗೆ, ಸೇಬು ಕಾಯಿಲೆಯವರಿಗೆ. ಸೇಬು, ಬ್ರೆಡ್ಡು, ಮೋಸಂಬಿ ಹಿಡಿದು ಯಾರಾದರೂ ಬಸ್ಸಿನಲ್ಲಿ ಕೂತರೆ ಪಕ್ಕದವರು ತಾವಾಗಿಯೇ ಜಾಗ ಬಿಟ್ಟು, “ಯಾವ ವಾರ್ಡು?” ಎಂದು ಕೇಳುತ್ತಿದ್ದರು. ನಾನು ಸೇಬನ್ನು ಮೊದಲು ಹತ್ತಿರದಿಂದ ನೋಡಿದ್ದು ನಿಮ್ಮ ತಾತ ಆಸ್ಪತ್ರೆಯಲ್ಲಿದ್ದಾಗ. ಹೊಳೆನರಸೀಪುರದಲ್ಲಿ ಅವರ ಜೊತೆ ಪಾಠ ಹೇಳುತ್ತಿದ್ದ ಮೇಷ್ಟ್ರುಗಳು ಎರಡು ಹಣ್ಣು ತಂದುಕೊಟ್ಟಿದ್ದರು. ನಾನು ಹೆಚ್ಚಿ ಕೊಟ್ಟ ಹೋಳನ್ನು ಅವರು ನನ್ನ ಕೈಗೇ ವಾಪಸು ಇಟ್ಟು, “ನೀನು ತಿನ್ನು” ಎಂದರು. “ನನಗೇನಾಗಿದೆ ಸೇಬು ತಿನ್ನೋಕೆ?” ಎಂದೆ. ಅವರಿಗೆ ನಗು ಬಂತು. ಅವರು ನಕ್ಕದ್ದನ್ನು ನಾನು ನೋಡಿದ್ದು ಅದೇ ಕೊನೆ. ಆ ಹೋಳು ನನ್ನ ಕೈಯಲ್ಲೇ ಕಂದಿಹೋಯಿತು.

ಆಮೇಲೆ ನಾನು ಹಾಸನಕ್ಕೆ ಬಂದು, ಒಂದು ಕಾನ್ವೆಂಟಿನ ಹೊಲಿಗೆ ಕೋಣೆಯಲ್ಲಿ ಕೆಲಸಕ್ಕೆ ಸೇರಿದೆ. ನಿಮ್ಮಮ್ಮನನ್ನು ಅರಕಲಗೂಡಿಗೆ ಮದುವೆ ಮಾಡಿಕೊಟ್ಟ ಮೇಲೆ ವಠಾರದ ಒಂಟಿ ಕೋಣೆಯಲ್ಲಿ ನಾನೊಬ್ಬಳೇ. ವಾರವೆಲ್ಲ ಹೊಲಿಗೆ ಮಿಷನ್ನಿನ ಸದ್ದಾದರೂ ಇರುತ್ತಿತ್ತು, ಭಾನುವಾರ ಅದೂ ಇಲ್ಲ. ಒಬ್ಬಳಿಗೆ ಒಂದೇ ಮುದ್ದೆ ತಿರುವುವುದಿದೆಯಲ್ಲ, ಅದು ಬಹಳ ಕಷ್ಟ. ಅಷ್ಟು ದೊಡ್ಡ ಕೋಲಿಗೆ ಅಷ್ಟು ಚಿಕ್ಕ ಮುದ್ದೆ! ಕೋಲಿಗೇ ನಾಚಿಕೆಯಾದೀತು ಅನ್ನಿಸುತ್ತಿತ್ತು. ಗೋಡೆಯಾಚೆ ಪಕ್ಕದ ಮನೆಯ ಕೆಂಪಮ್ಮ ಗಂಡನನ್ನು ಬೈಯುವುದನ್ನು ಕೇಳುತ್ತಾ ಊಟ ಮಾಡುತ್ತಿದ್ದೆ. ಆ ಬೈಗುಳದಲ್ಲಿ ಎಂಥ ಸಲಿಗೆ ಇತ್ತು ಅಂತೀರಿ! ನನಗೂ ಯಾರಾದರೂ ಹಾಗೆ ಬೈದರೆ ಚೆನ್ನಾಗಿತ್ತು ಎಂದುಕೊಂಡು ತಟ್ಟೆ ತೊಳೆದಿಡುತ್ತಿದ್ದೆ. ಹೋಗಿ ಮಾತಾಡಿಸಬಹುದಿತ್ತು. ಬಾಗಿಲ ತನಕ ಹೋಗುತ್ತಿದ್ದೆ ಕೂಡ. ಅಲ್ಲಿಗೆ ಹೋದಾಗ, ಏನೆಂದು ಶುರುಮಾಡಲಿ ಎಂಬ ಯೋಚನೆ ಬಂದು, ಹೊಸಿಲಿಗೆ ಬಿದ್ದಿದ್ದ ಧೂಳನ್ನು ಒರೆಸಿ ಒಳಗೆ ಬರುತ್ತಿದ್ದೆ. ವಠಾರದಲ್ಲಿ ನಮ್ಮ ಮನೆಯ ಹೊಸಿಲಿನಷ್ಟು ಚೊಕ್ಕ ಹೊಸಿಲು ಇನ್ನೊಂದಿರಲಿಲ್ಲ.

ಕಾನ್ವೆಂಟಿನಲ್ಲಿ ಫ್ರಾನ್ಸ್ ದೇಶದ ಒಬ್ಬ ವಯಸ್ಸಾದ ಸಿಸ್ಟರ್ ಇದ್ದರು. ಹಿರೀಸಾವೆ ಕಡೆಯ ಅಡಿಗೆ ಹೆಂಗಸಿನಿಂದ ಕನ್ನಡ ಕಲಿತವರು. ಹಾಗಾಗಿ ಅವರ ಬಾಯಲ್ಲಿ ‘ಹ’ ಬರುತ್ತಲೇ ಇರಲಿಲ್ಲ. ವರ್ಗವಾಗಿ ಬೇರೆ ಊರಿಗೆ ಹೋಗುವ ಮುಂಚೆ ಅವರು, ತಮ್ಮ ತಾಯಿ ಮಾಡುತ್ತಿದ್ದ ತಿಂಡಿ ಎಂದು ಸೇಬಿನ ಕ್ರಂಬಲ್ ಮಾಡಿ ನಮಗೆಲ್ಲ ಕೊಟ್ಟರು. ಹೆಚ್ಚಿದ ಸೇಬಿಗೆ ಸಕ್ಕರೆ, ಚಕ್ಕೆ ಪುಡಿ ಹಾಕಿ, ಅದರ ಮೇಲೆ ಬೆಣ್ಣೆ, ಮೈದಾ, ಸಕ್ಕರೆ ಉಜ್ಜಿದ ಹುಡಿ ಉದುರಿಸಿ ಬೇಯಿಸುವುದು, ಅಷ್ಟೆ. ಕೆಳಗೆ ಮೆತ್ತಗೆ, ಮೇಲೆ ಗರಿಗರಿ. ಒಂದು ಚಮಚ ಬಾಯಿಗೆ ಇಟ್ಟಾಗ ನನಗೆ ಆಸ್ಪತ್ರೆಯ ಆ ಹೋಳು ನೆನಪಾಗಿ ಕಣ್ಣು ತುಂಬಿತು. ಸಿಸ್ಟರ್ ನೋಡಿ, ನನ್ನನ್ನು ಒಲೆಯ ಹತ್ತಿರ ಕರೆದುಕೊಂಡು ಹೋಗಿ ಹಿಟ್ಟು ಉಜ್ಜುವುದನ್ನು ಕಲಿಸಿದರು. ನನ್ನ ಕೈ ಮುದ್ದೆ ಕಟ್ಟಿದ ಕೈ. ಹಿಟ್ಟು ಕಂಡರೆ ಗಂಟೊಡೆದು ನಾದಿಬಿಡುತ್ತದೆ. ನಾನು ಮೈದಾವನ್ನು ನುಣ್ಣಗೆ ಉಂಡೆ ಕಟ್ಟಿ ಮುಂದಿಟ್ಟೆ. “ಅಯ್ಯೋ ಸಿವನೇ, ಅಂಗಲ್ಲ ಕಣವ್ವ! ಗಂಟು ಇರಬೇಕು, ಗಂಟು!” ಎಂದರು. ಮುದ್ದೆಯಲ್ಲಿ ಒಂದು ಗಂಟು ಉಳಿದರೆ ನಮ್ಮತ್ತೆ ಅದನ್ನು ತಟ್ಟೆಯ ಅಂಚಿಗೆ ಎತ್ತಿಟ್ಟು ಮನೆಗೆ ಬಂದವರಿಗೆಲ್ಲ ತೋರಿಸುತ್ತಿದ್ದರು. ಇಲ್ಲಿ ನೋಡಿದರೆ ಗಂಟೇ ಅಡಿಗೆ! ಇಂಥ ದೇಶದಲ್ಲಿ ಹುಟ್ಟಿದ್ದರೆ ನಾನೂ ಜಾಣ ಸೊಸೆಯಾಗುತ್ತಿದ್ದೆ.

ಸಿಸ್ಟರ್ ಹೊರಟುಹೋದರು. ಒಂದು ಭಾನುವಾರ ಬೆಳಿಗ್ಗೆ ನನಗೆ ಏನು ಧೈರ್ಯ ಬಂತೋ, ಮಾರ್ಕೆಟ್ಟಿಗೆ ಹೋಗಿ ಸೇಬು ಕೇಳಿದೆ. ಒಣಹುಲ್ಲಿನ ಪೆಟ್ಟಿಗೆಯಿಂದ ತೆಗೆದು ಕೊಡುತ್ತಾ ಅಂಗಡಿಯವನು, “ಉಸಾರಾಗ್ತಾರೆ ಬುಡವ್ವ, ಯೋಚ್ನೆ ಮಾಡಬ್ಯಾಡ” ಎಂದು ಸಮಾಧಾನ ಹೇಳಿದ. ಮೂರು ಸೇಬನ್ನು ಸೆರಗಿನಲ್ಲಿ ಮುಚ್ಚಿಕೊಂಡು ವಠಾರಕ್ಕೆ ಬಂದೆ. ನಲ್ಲಿಯ ಹತ್ತಿರ ಕೆಂಪಮ್ಮ ಬಿಂದಿಗೆ ತೊಳೆಯುತ್ತಿದ್ದಳು. ನನ್ನ ಪುಣ್ಯಕ್ಕೆ ಒಂದು ಸೇಬು ಜಾರಿ ಉರುಳಿಕೊಂಡು ಹೋಗಿ ಅವಳ ಕಾಲ ಹತ್ತಿರವೇ ನಿಂತಿತು.

“ಅಯ್ಯೋ ಲಕ್ಷ್ಮಕ್ಕ, ಸೇಬು! ಯಾರ್ಗೆ ಉಸಾರಿಲ್ಲ?”

“ಯಾರಿಗೂ ಏನಿಲ್ಲ.”

“ಏನಿಲ್ಲ ಅಂದ್ರೆ ದೊಡ್ಡದೇ ಆಗಿರ್ಬೇಕು. ನಿಮ್ಗೇನಾ?”

ಗಂಡ ಸತ್ತ ಹೆಂಗಸು, ಒಬ್ಬಳೇ ಕೂತು ತಿನ್ನಲು ಪರದೇಶದ ಸಿಹಿ ಮಾಡಿಕೊಳ್ಳುತ್ತಾಳೆ ಎಂದು ಹೇಗೆ ಹೇಳಲಿ? ಹೂಂ ಎಂದು ತಲೆ ಆಡಿಸಿಬಿಟ್ಟೆ. ನಿಜ ಹೇಳಲು ನಾಲ್ಕಾರು ಮಾತು ಬೇಕಿತ್ತು, ಸುಳ್ಳಿಗೆ ಅಷ್ಟೂ ಬೇಕಾಗಲಿಲ್ಲ.

ಬಾಗಿಲು ಹಾಕಿಕೊಂಡು ಕೆಲಸಕ್ಕೆ ಕೂತೆ. ಕಬ್ಬಿಣದ ಬಾಣಲೆಗೆ ಮರಳು ಸುರಿದು ಇದ್ದಿಲ ಒಲೆಯ ಮೇಲಿಟ್ಟೆ. ಮರಳಿನ ಮೇಲೆ ಪಾತ್ರೆ, ಪಾತ್ರೆಗೆ ತಟ್ಟೆ ಮುಚ್ಚಿ ತಟ್ಟೆಯ ಮೇಲೂ ಕೆಂಡ. ಊದಿ ಊದಿ ಮುಖ ಕಾದು ಹೋಯಿತು. ಘಮ ಬರುತ್ತಿದೆ ಎನ್ನುವಷ್ಟರಲ್ಲಿ ಬಾಗಿಲು ಬಡಿದ ಸದ್ದು. ಕಂಬಳಿ ಎಳೆದುಕೊಂಡು ಚಾಪೆಯ ಮೇಲೆ ಉರುಳಿ, “ತೆಗೆದೇ ಇದೆ” ಎಂದೆ. ತೆಗೆದಿರಲಿಲ್ಲ. ಎದ್ದು ಅಗುಳಿ ತೆಗೆದು ಮತ್ತೆ ಓಡಿಬಂದು ಮಲಗಿದೆ.

ಕೆಂಪಮ್ಮ ಬಂದಳು. ಅವಳ ಹಿಂದೆ ಎದುರುಮನೆಯ ಶಾರದಮ್ಮ ಗಂಜಿಯ ಚೊಂಬು ಹಿಡಿದು ಬಂದರು. ಕೆಂಪಮ್ಮ ನನ್ನ ಹಣೆ ಮುಟ್ಟಿದಳು. “ಕೆಂಡ ಕಣ್ರೀ, ಕೆಂಡ! ಮಖ ನೋಡಿ, ಎಂಗ್ ಬಿಳಿಚ್ಕಂಡದೆ!” ಕೆಂಡ ಎಂದದ್ದು ನಿಜವೇ, ಅದರ ಮುಂದೆಯೇ ಕೂತಿದ್ದೆನಲ್ಲ. ಬಿಳಿಚಿಕೊಂಡದ್ದು ಮೈದಾ. ಶಾರದಮ್ಮ ಮೂಗರಳಿಸಿ, “ಏನೋ ಘಮ್ ಅಂತಿದೆ?” ಎಂದರು. “ಚಕ್ಕೆ ಕಷಾಯ” ಎಂದೆ. “ನಿಮ್ಮ ಕಷಾಯ ಕುಡಿಯೋಕೆ ನನಗೂ ಜ್ವರ ಬರಬಾರದಾ” ಎಂದು ಅವರು ಚಾಪೆಯ ಪಕ್ಕದಲ್ಲೇ ಕೂತರು.

ಮಕ್ಕಳೇ, ಒಂದು ಮಾತು ಹೇಳುತ್ತೇನೆ, ನಗಬೇಡಿ. ಯಾರಾದರೂ ನನ್ನ ಹಣೆ ಮುಟ್ಟಿ ಮೂರು ವರ್ಷವಾಗಿತ್ತು. ಕೆಂಪಮ್ಮನ ಕೈ ಪಾತ್ರೆ ಉಜ್ಜಿ ಉಜ್ಜಿ ಒರಟಾಗಿತ್ತು, ಹುಣಸೆಹಣ್ಣಿನ ವಾಸನೆ ಬೇರೆ. ಅದನ್ನು ಅವಳು ತೆಗೆಯದಿರಲಿ ಎಂದು ಕಣ್ಣು ಮುಚ್ಚಿಕೊಂಡೆ. ಇಬ್ಬರೂ ತಮ್ಮ ತಮ್ಮ ಮೊಣಕಾಲು ನೋವು, ಅತ್ತೆಯಂದಿರ ಆಸ್ತಮಾ, ಗಂಡಂದಿರ ಗೊರಕೆ ಎಲ್ಲ ಹೇಳುತ್ತಾ ಹೋದರು. ನನ್ನ ಮನೆಯಲ್ಲಿ ಅಷ್ಟು ಮಾತು ಯಾವತ್ತೂ ಕೇಳಿರಲಿಲ್ಲ. ಒಲೆಯ ಮೇಲೆ ಹುಡಿ ಕಪ್ಪಾಗುತ್ತಿದೆ ಎಂದು ಮೂಗು ಹೇಳುತ್ತಿತ್ತು. ಸುಡಲಿ ಬಿಡು ಎಂದುಕೊಂಡೆ. ಎದ್ದರೆ ಇವರು ಹೋಗಿಬಿಡುತ್ತಾರಲ್ಲ!

ಅಷ್ಟರಲ್ಲಿ ಕೆಂಪಮ್ಮ, “ನೀವೇನ್ ಯೋಚ್ನೆ ಮಾಡ್ಬೇಡಿ ಅಕ್ಕ. ನಮ್ಮೆಜಮಾನ್ರುನ್ನ ಬಸ್ ಸ್ಟಾಂಡಿಗೆ ಓಡಿಸಿವ್ನಿ. ಅರಕಲಗೂಡಿನ ಬಸ್ಸಿನ ಕಂಡಕ್ಟರ್ ಕೈಲಿ ಏಳ್ ಕಳಿಸ್ತಾರೆ. ನಿಮ್ ಮಗಳು ಸಂಜೆ ಒತ್ಗೆ ಬಂದ್ಬುಡ್ತಾಳೆ” ಎಂದಳು.

ನಿಮ್ಮ ಅಪ್ಪನ ಸೈಕಲ್ ಅಂಗಡಿ ಆಗ ಅರಕಲಗೂಡಿನ ಬಸ್ ಸ್ಟಾಂಡಿನ ಎದುರಿಗೇ ಇತ್ತು. ಸುದ್ದಿ ಮುಟ್ಟಿದ ಹಾಗೆಯೇ. ನಿಮ್ಮಮ್ಮ ಏಳು ತಿಂಗಳ ಬಸುರಿ. ಆ ರಸ್ತೆಯಲ್ಲಿ, ಆ ಬಸ್ಸಿನಲ್ಲಿ, ಅಮ್ಮನಿಗೇನೋ ಆಗಿದೆ ಎಂದು ಅತ್ತುಕೊಂಡು ಬರುವುದನ್ನು ನೆನೆಸಿಕೊಂಡೆ. ಕಂಬಳಿ ಒದ್ದು ಎದ್ದೆ. ಸೀರೆ ಎತ್ತಿ ಕಟ್ಟಿ ಓಡಿದೆ. ಹಿಂದಿನಿಂದ ಕೆಂಪಮ್ಮ, “ಅಯ್ಯಯ್ಯೋ, ಜ್ವರ ನೆತ್ತಿಗೇರದೆ! ಇಡ್ಕಳ್ರಪ್ಪೋ!” ಎಂದು ಕೂಗುತ್ತಿದ್ದಳು.

ನಾನು ಹೋಗುವಷ್ಟರಲ್ಲಿ ಬಸ್ಸು ಸ್ಟಾಂಡು ಬಿಟ್ಟು ತಿರುಗುತ್ತಿತ್ತು. ‘ಹಾಜರ್’ ಎನ್ನಲಾರದ ನಾನು ನಡುರಸ್ತೆಯಲ್ಲಿ ಎರಡೂ ಕೈ ಎತ್ತಿ ನಿಂತು, ಅಷ್ಟು ಜನರ ಮುಂದೆ, “ನನಗೇನೂ ಆಗಿಲ್ಲ! ಸೇಬು ಸುಮ್ಮನೆ ತಂದೆ! ತಿನ್ನೋಕೆ ತಂದೆ!” ಎಂದು ಕಿರಿಚಿದೆ. ಬಸ್ಸು ನಿಂತಿತು. ಕಂಡಕ್ಟರ್ ಕತ್ತು ಹೊರಗೆ ಹಾಕಿ, “ಸೇಬ್ ತಿನ್ನಕ್ಕೆ ನನ್ನ ಅಪ್ಪಣೆ ಯಾಕಮ್ಮ ಬೇಕು?” ಎಂದ. ಬಸ್ಸಿಗೆ ಬಸ್ಸೇ ನಕ್ಕಿತು. ಕೆಂಪಮ್ಮನ ಗಂಡ ಜವರಯ್ಯ ಪಕ್ಕದಲ್ಲೇ ಸೈಕಲ್ ಹಿಡಿದು ಬಾಯಿ ತೆರೆದುಕೊಂಡು ನಿಂತಿದ್ದರು. “ಅಂಗಾರೆ ಅರಕಲಗೂಡಲ್ಲಿ ಏನಂತ ಏಳ್ಳಿ?” ಎಂದ ಕಂಡಕ್ಟರ್. “ಏನೂ ಹೇಳಬೇಡಪ್ಪ, ನಿನ್ನ ದಮ್ಮಯ್ಯ” ಎಂದೆ.

ವಾಪಸು ಬರುವಾಗ ಓಡಲಿಲ್ಲ. ಮನೆ ಖಾಲಿಯಾಗಿರುತ್ತದೆ, ಇನ್ನು ಮೇಲೆ ಆ ಗೋಡೆಯಾಚೆಯ ಬೈಗುಳವೂ ನನ್ನ ಕಿವಿಗೆ ಬೀಳದಂತೆ ಮೆಲ್ಲಗಾಗುತ್ತದೆ ಎಂದುಕೊಂಡು ಹೆಜ್ಜೆ ಎಣಿಸುತ್ತಾ ಬಂದೆ. ನೋಡಿದರೆ ಇಬ್ಬರೂ ನನ್ನ ಮನೆಯಲ್ಲೇ ಒಲೆಯ ಮುಂದೆ ಕೂತಿದ್ದರು. ಪಾತ್ರೆ ಇಳಿಸಿ, ತಟ್ಟೆ ತೆಗೆದು, ಬಗ್ಗಿ ನೋಡುತ್ತಿದ್ದರು. ಅಂಚೆಲ್ಲ ಕರಿಕಲು, ನಡುವೆ ಅಂಗೈಯಗಲ ಹೊಂಬಣ್ಣ.

“ಇದೇನಾ ನಿಮ್ ಕಷಾಯ?” ಎಂದಳು ಕೆಂಪಮ್ಮ.

ನಾನು ಬಾಗಿಲಲ್ಲೇ ನಿಂತು ಎಲ್ಲ ಹೇಳಿದೆ. ಸಿಸ್ಟರ್ ವಿಷಯ ಹೇಳಿದೆ, ಆಸ್ಪತ್ರೆಯ ಹೋಳಿನ ವಿಷಯವನ್ನೂ ಹೇಳಿದೆ. ಬಸ್ ಸ್ಟಾಂಡಿನಲ್ಲಿ ಒಮ್ಮೆ ತೆರೆದ ಬಾಯಿ ಮುಚ್ಚುವುದನ್ನು ಮರೆತಿತ್ತೋ ಏನೋ. ಶಾರದಮ್ಮ ಸೆರಗಿನಿಂದ ಕಣ್ಣೊತ್ತಿಕೊಂಡರು. ಕೆಂಪಮ್ಮ ಮಾತ್ರ ಸೊಂಟಕ್ಕೆ ಕೈ ಇಟ್ಟು ನಿಂತಳು. “ಅಲ್ಲ ಅಕ್ಕ, ‘ಬನ್ರೇ’ ಅಂತ ಒಂದ್ ಮಾತ್ ಕೂಗಿದ್ರೆ ನಾವ್ ಬತ್ತಿರ್ಲಿಲ್ವಾ? ನಮ್ಮುನ್ನ ಕರೆಯಕ್ಕೆ ಕಾಯ್ಲೆ ಬೀಳ್ಬೇಕಾ? ಆ ಮನುಸ್ಯನ್ನ ಊಟದ್ ಮುಂದಿಂದ ಎಬ್ಸಿ ಓಡಿಸ್ದೆ, ಗೊತ್ತಾ! ಸುಳ್ ಏಳಕ್ಕೂ ಒಂದ್ ಮಿತಿ ಬ್ಯಾಡ್ವಾ?” ಅಪ್ಪಟ ಬೈಗುಳ, ಗಂಡನಿಗೆ ಬೈಯುವಂಥದ್ದೇ. ನಾನು ತಲೆ ತಗ್ಗಿಸಿ ನಿಂತು ಪೂರ್ತಿ ಕೇಳಿಸಿಕೊಂಡೆ. ಇಷ್ಟು ಬೇಗ ಮುಗಿದುಹೋಯಿತಲ್ಲ ಅನ್ನಿಸಿತು.

ಆಮೇಲೆ ಮೂವರೂ ಒಂದೇ ಪಾತ್ರೆಗೆ ಕೈ ಹಾಕಿದೆವು. “ಸೀದ ಉರಿಟ್ಟು ಇದ್ದಂಗದೆ” ಎಂದಳು ಕೆಂಪಮ್ಮ. ಹುರಿದ ರಾಗಿ ಹಿಟ್ಟಿಗೆ ಹೋಲಿಸಿದಳಲ್ಲ ಎಂದು ನನಗೆ ಬೇಜಾರಾಗುವಷ್ಟರಲ್ಲಿ, “ಇನ್ನೊಂದ್ ವಸಿ ಆಕಿ” ಎಂದು ಅಂಗೈ ನೀಡಿದಳು. ನಾನೂ ಒಂದು ಹೋಳು ಬಾಯಿಗೆ ಹಾಕಿಕೊಂಡೆ. ನನಗೇನೂ ಆಗಿರಲಿಲ್ಲ, ಆದರೂ ತಿಂದೆ.

ಅಲ್ಲಿಂದ ನನಗೆ ಮಾತು ಬಂದುಬಿಟ್ಟಿತು ಎಂದರೆ ನಂಬಬೇಡಿ. ‘ಬನ್ರೇ’ ಎಂದು ಕೂಗಲು ನನಗೆ ಕೊನೆಗೂ ಆಗಲಿಲ್ಲ. ತೀರ ಒಂಟಿ ಅನ್ನಿಸಿದ ಭಾನುವಾರ ಒಂದು ಸೇಬು ತಂದು ಕಿಟಕಿಯಲ್ಲಿ ಇಡುತ್ತಿದ್ದೆ, ಅಷ್ಟೆ. ಸ್ವಲ್ಪ ಹೊತ್ತಿಗೆ ಕೆಂಪಮ್ಮ ಬಾಗಿಲಿಗೆ ಬಂದು, “ಏನಕ್ಕ, ಇವತ್ತೂ ಉಸಾರಿಲ್ವಾ?” ಎನ್ನುತ್ತಿದ್ದಳು. “ಜೋರಾಗೇ ಇದೆ ಕಣೆ, ಒಳಗೆ ಬಾ” ಎನ್ನುತ್ತಿದ್ದೆ.

ಬಸ್ಸು ನಿಲ್ಲಿಸಿದ ಸುದ್ದಿ ನಿಮ್ಮಮ್ಮನಿಗೆ ಇವತ್ತಿಗೂ ಗೊತ್ತಿಲ್ಲ. ಸುಮಾ, ಆ ಏಳು ತಿಂಗಳ ಕೂಸು ನೀನೇ. ನೀನು ಹುಟ್ಟುವ ಮುಂಚೆಯೇ ನಿನಗಾಗಿ ನಿನ್ನಜ್ಜಿ ಹಾಸನದ ಬಸ್ ಸ್ಟಾಂಡಿನಲ್ಲಿ ಮಾನ ಕಳೆದುಕೊಂಡಿದ್ದಳು ಎಂಬುದು ನೆನಪಿರಲಿ. ಈ ಹಾಳೆಗಳನ್ನು ಜೋಪಾನವಾಗಿ ಇಟ್ಟುಕೊಳ್ಳಿ. ಟ್ರಂಕಿನ ತಳಕ್ಕೆ ಹಾಸಬೇಡಿ, ಕಡಲೆಕಾಯಿ ಕಟ್ಟಲು ಯಾರಿಗೂ ಕೊಡಬೇಡಿ. ಶಾಲೆಯಲ್ಲಿ ಹೇಳದೆ ನುಂಗಿಕೊಂಡ ‘ಹಾಜರ್’ ಎಲ್ಲವನ್ನೂ ಸೇರಿಸಿ ಇದರಲ್ಲಿ ಬರೆದಿದ್ದೇನೆ. ಮುಂದೆ ಯಾವಾಗಲಾದರೂ ನನ್ನ ಹೆಸರು ಕೂಗಿ, ಉತ್ತರ ಬರದಿದ್ದರೆ, ಇದನ್ನು ತೆಗೆದು ನೋಡಿ. ಗೈರುಹಾಜರಿ ಮಾತ್ರ ಹಾಕಬೇಡಿ.