ಗಣಿತದ ಮೇಷ್ಟ್ರ ಕೈಗೆ ಬಂದ ಕೋಲು

ಹೆದರಿಕೆಯ ವಿಷಯದಲ್ಲಿ ನಾನು ಎಂದೂ ಪಕ್ಷಪಾತ ಮಾಡಿದವನಲ್ಲ. ನಾಯಿಗೂ ಹೆದರುತ್ತೇನೆ, ನಾಯಿಯ ಯಜಮಾನನಿಗೂ ಹೆದರುತ್ತೇನೆ. ಲಿಫ್ಟು, ಏಣಿ, ಹಲ್ಲಿನ ಡಾಕ್ಟರು, ಅಮೆರಿಕದ ರಾಲಿ ಊರಿನ ಹೈವೇಯಲ್ಲಿ ಪಕ್ಕಕ್ಕೇ ಬಂದು ಗುಡುಗುವ ಟ್ರಕ್ಕು, ಎಲ್ಲಕ್ಕೂ ನನ್ನ ಎದೆಯಲ್ಲಿ ಸಮಾನ ಸ್ಥಾನವಿದೆ. ಚಿಕ್ಕಂದಿನಲ್ಲಿ ಗದಗಿನಲ್ಲಿ ಹುಡುಗರು ಕಬಡ್ಡಿಗೆ ಕರೆದರೆ ‘ಅಂಕ ಎಣಿಸುತ್ತೇನೆ’ ಎಂದು ದೂರ ಹೋಗಿ ಕೂರುತ್ತಿದ್ದೆ. ಎಣಿಸಿ ಎಣಿಸಿಯೇ ಗಣಿತದ ಮೇಷ್ಟ್ರಾದೆ ಎಂದು ನನ್ನ ಹೆಂಡತಿ ಸುಮಾ ಆಡಿಕೊಳ್ಳುತ್ತಾಳೆ. ಇರಲಿ, ಗಣಿತದಲ್ಲಿ ಯಾರೂ ಮೈಮೇಲೆ ಬೀಳುವುದಿಲ್ಲ. ಈ ಎಲ್ಲ ಹೆದರಿಕೆಗಳಿಗಿಂತ ಹಳೆಯದು ಅವ್ವ ಕಲಿಸಿದ್ದು. ಪುಸ್ತಕವಿರಲಿ, ಕಾಳಿರಲಿ, ಯಾರದೋ ಕೆಲಸದ ಸಾಮಾನಿರಲಿ, ಕಾಲು ತಾಗಿದರೆ ತಕ್ಷಣ ಮುಟ್ಟಿ ಕಣ್ಣಿಗೊತ್ತಿಕೊಳ್ಳಬೇಕು. “ಒತ್ಕೊಳ್ಳಲಿಲ್ಲಾ ಅಂದ್ರ ಕಲಿತಿದ್ದೆಲ್ಲಾ ಹೋಗಿಬಿಡತೈತಿ ನೋಡು” ಎನ್ನುತ್ತಿದ್ದಳು. ಕಲಿತದ್ದರಿಂದಲೇ ಹೊಟ್ಟೆ ಹೊರೆಯುವವನಿಗೆ ಇದಕ್ಕಿಂತ ದೊಡ್ಡ ಬೆದರಿಕೆ ಬೇಕೆ?

ರಾಲಿಯಿಂದ ಒಂದು ಗಂಟೆ ದೂರದ ಪುಟ್ಟ ಕಾಲೇಜಿನಲ್ಲಿ ಕೆಲಸ ಸಿಕ್ಕಾಗ ಇನ್ನು ಹೆದರಲು ಏನೂ ಇಲ್ಲವೆಂದು ನಂಬಿದ್ದೆ. ಕಾಲೇಜಿಗೆ ಒಂದು ಫುಟ್‌ಬಾಲ್ ತಂಡವಿದೆ ಎಂಬುದು ಗೊತ್ತಿತ್ತು, ಅದಕ್ಕೂ ನನಗೂ ಸಂಬಂಧವಿದೆ ಎಂಬುದು ಗೊತ್ತಿರಲಿಲ್ಲ. ಇಲ್ಲಿಯ ಫುಟ್‌ಬಾಲ್ ನಮ್ಮ ಕಾಲ್ಚೆಂಡಲ್ಲ. ಸುಲಿಯದ ತೆಂಗಿನಕಾಯಿಯಂಥ ಚೆಂಡನ್ನು ಕಂಕುಳಲ್ಲಿ ಇರುಕಿಕೊಂಡು ಒಬ್ಬ ಓಡುತ್ತಾನೆ, ಹೆಲ್ಮೆಟ್ ತೊಟ್ಟ ಗೂಳಿಗಳಂಥವರು ಅವನ ಮೇಲೆ ಬೀಳುತ್ತಾರೆ. ನಾಲ್ಕು ಯತ್ನಗಳಲ್ಲಿ ಹತ್ತು ಗಜ ಮುಂದೆ ಹೋದರೆ ಆಟ ಮುಂದುವರಿಯುತ್ತದೆ, ಇಲ್ಲವಾದರೆ ಚೆಂಡು ಎದುರಾಳಿಗೆ. ಆ ಹತ್ತು ಗಜ ಅಳೆಯಲು ಒಂದು ಸರಪಳಿ, ಅದರ ಎರಡು ತುದಿಗೆ ಎರಡು ಕೋಲು, ಮೈದಾನದ ಗೆರೆಯ ಪಕ್ಕದಲ್ಲಿ ಕೋಲು ಹಿಡಿದು ನಿಲ್ಲಲು ಇಬ್ಬರು ಮನುಷ್ಯರು. ದೊಡ್ಡ ಯೂನಿವರ್ಸಿಟಿಗಳಲ್ಲಿ ಇದಕ್ಕೆ ಪಳಗಿದವರು ಇರುತ್ತಾರಂತೆ. ನಮ್ಮಲ್ಲಿ ಮೇಷ್ಟ್ರುಗಳೇ ಗತಿ.

ನಮ್ಮ ವಿಭಾಗದ ಮುಖ್ಯಸ್ಥರು ಪ್ರೊಫೆಸರ್ ವಾಲೇಸ್. ಬಿಳಿ ಮೀಸೆಯ, ಬಹಳ ಮೃದು ಮಾತಿನ ಮುದುಕರು. ನಾನು ಸೇರಿದ ವಾರವೇ ಕರೆದು ಕೂರಿಸಿ, ತಂಡದ ಇತಿಹಾಸವನ್ನು ಪುರಾಣದಂತೆ ಹೇಳಿದರು. ಸುಮಾರು ಎಪ್ಪತ್ತು ವರ್ಷದ ಹಿಂದೆ ಒಂದು ತಂಬಾಕಿನ ಹೊಲವನ್ನು ಸಮ ಮಾಡಿ ಆಟ ಶುರುವಾಯಿತಂತೆ. ಆಗ ಎಲ್ಲರಿಗೂ ಆಗುವಷ್ಟು ಹೆಲ್ಮೆಟ್ ಇರಲಿಲ್ಲ, ಹೊರಗೆ ಬಂದವನು ಒಳಗೆ ಹೋಗುವವನಿಗೆ ತನ್ನದನ್ನೇ ಬಿಚ್ಚಿ ಕೊಡುತ್ತಿದ್ದನಂತೆ. ಹತ್ತು ಗಜ ಸರಿಯಾಗಿ ಅಳೆಯಬಲ್ಲವನು ಊರಲ್ಲಿ ಗಣಿತದ ಮೇಷ್ಟ್ರೊಬ್ಬನೇ ಎಂದು ಕೋಲನ್ನು ಅವನ ಕೈಗೆ ಕೊಟ್ಟರು. ಅವನ ಭುಜದ ಮೂಳೆ ಮುರಿಯಿತು. ಅವನ ನಂತರ ಬಂದವರ ಮುಂದಿನ ಹಲ್ಲುಗಳು ಹೋದವು. ಅವರ ನಂತರ ವಾಲೇಸರೇ ಹಿಡಿದರು, ಆಗಷ್ಟೇ ಅವರ ಸೊಂಟದ ಕೀಲು ಬದಲಾಯಿಸಿದ್ದರು. “ರಾಜ್, ಕೋಲು ಯಾವತ್ತೂ ನಮ್ಮ ವಿಭಾಗ ಬಿಟ್ಟು ಹೊರಗೆ ಹೋಗಿಲ್ಲ” ಎಂದು ಅದನ್ನು ನನ್ನ ಕೈಗಿಟ್ಟರು. ಅವರ ಕಣ್ಣಲ್ಲಿ ನೀರಿತ್ತು. ನನ್ನ ಕಣ್ಣಲ್ಲೂ ಇತ್ತು, ಕಾರಣ ಬೇರೆ.

ಮನೆಗೆ ಬಂದು ಹೇಳಿದೆ. “ಅಲ್ರೀ, ಆ ಗೂಳಿಯಂಥಾ ಹುಡುಗರ ಮುಂದ ನಿಂದ್ರಾಕ ನಿಮಗ ಬುದ್ಧಿ ಬ್ಯಾಡಾ? ಒಲ್ಲೆ ಅನ್ರಿ” ಎಂದಳು ಸುಮಾ.

“ನೌಕರಿ ಪರ್ಮನೆಂಟ್ ಆಗೂ ತನಕಾ ಒಲ್ಲೆ ಅನ್ನಾಕ ಬರಂಗಿಲ್ಲ.”

“ಹಂಗಾರ ಇನ್ಶೂರೆನ್ಸ್ ಚೆಕ್ ಮಾಡ್ರಿ.”

ದೊಡ್ಡ ಹೆದರಿಕೆ ಚಿಕ್ಕದನ್ನು ನುಂಗುತ್ತದೆ. ಕೆಲಸ ಹೋದೀತೆಂಬ ಹೆದರಿಕೆಯಿಂದ ಮೂಳೆ ಮುರಿದೀತೆಂಬ ಹೆದರಿಕೆಯನ್ನು ಒಪ್ಪಿಕೊಂಡೆ. ಪ್ರತಿ ಶನಿವಾರ ಕಿತ್ತಳೆ ಬಣ್ಣದ ಅಂಗಿ ತೊಟ್ಟು, ಜೀವ ಕೈಯಲ್ಲಿ ಹಿಡಿದುಕೊಂಡು ನಿಲ್ಲುತ್ತಿದ್ದೆ. ಇನ್ನೊಂದು ಕೈಯಲ್ಲಿ ಕೋಲು. ಹುಡುಗರು ಇತ್ತ ಉರುಳಿ ಬರುವಾಗ ಕೋಲು ಬಿಟ್ಟು ಹಿಂದಕ್ಕೆ ಸರಿಯಬಹುದು, ಅದಕ್ಕೆ ನಿಯಮವೇ ಇದೆ. ಆದರೆ ನನ್ನ ಹೆದರಿಕೆ ಓಡಿಸುವ ಜಾತಿಯದಲ್ಲ. ಮಂಡಿಯನ್ನು ಹಿಡಿದು ನಿಲ್ಲಿಸಿಬಿಡುವ ಜಾತಿಯದು. ನಮ್ಮ ಮಗಳು ಅನು ಗ್ಯಾಲರಿಯಿಂದ “ಅಪ್ಪಾ, ಜಸ್ಟ್ ಮೂವ್ ಮಾಡು! ಯು ಆರ್ ನಾಟ್ ಎ ಟ್ರೀ!” ಎಂದು ಕೂಗುತ್ತಿದ್ದಳು. ಅವಳಿಗೆ ಅವಮಾನ, ನನಗೆ ಪ್ರಾಣ ಸಂಕಟ. ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸು ಎನ್ನುತ್ತಾರೆ. ಆ ಲೆಕ್ಕದಲ್ಲಿ ನಾನು ಈಗಾಗಲೇ ಚಿರಂಜೀವಿ.

ಆಮೇಲೆ ಕೋವಿಡ್ ಬಂತು. ಹೇಳಬಾರದು, ಆದರೂ ಹೇಳುತ್ತೇನೆ: ಲೋಕವೆಲ್ಲ ನಡುಗುತ್ತಿದ್ದಾಗ ಶನಿವಾರ ಮಾತ್ರ ನನಗೆ ಒಳ್ಳೆಯ ನಿದ್ದೆ ಬರುತ್ತಿತ್ತು. ಆಟ ನಿಂತಿತ್ತು. ಮತ್ತೆ ಶುರುವಾದಾಗ ನನ್ನ ನೌಕರಿ ಕಾಯಂ ಆಗಿತ್ತು. ಇನ್ನು ಒಲ್ಲೆ ಎನ್ನಬಹುದು ಎಂದುಕೊಂಡು ವಾಲೇಸರ ಬಾಗಿಲಿನವರೆಗೆ ಹೋದೆ. ಅವರು ಕೋಲಿಗೆ ಹೊಸ ಬಣ್ಣ ಬಳಿಯುತ್ತಾ ಕೂತಿದ್ದರು. ಹಾಗೆಯೇ ವಾಪಸು ಬಂದೆ.

ತಂಡ ಮಾತ್ರ ಬಡಕಲಾಗಿತ್ತು. ಒಳ್ಳೆಯ ಹುಡುಗರು ಬೇರೆ ಕಾಲೇಜುಗಳಿಗೆ ಹೋಗಿದ್ದರು, ಉಳಿದವರು ಸೋಲುತ್ತಲೇ ಬಂದರು. ಕಳೆದ ವರ್ಷ ಕಾಲೇಜಿನ ಅಧ್ಯಕ್ಷರು ಮೀಟಿಂಗ್ ಕರೆದು, ಈ ಸೀಸನ್‌ನಲ್ಲಿ ಒಂದಾದರೂ ಆಟ ಗೆಲ್ಲದಿದ್ದರೆ ಫುಟ್‌ಬಾಲ್ ಮುಚ್ಚುತ್ತೇವೆ ಎಂದು ಘೋಷಿಸಿದರು. ವಾಲೇಸರ ಮುಖ ಬಾಡಿತು. ನಾನು ತಲೆ ತಗ್ಗಿಸಿ ಕೂತೆ. ದುಃಖದಿಂದ ಎಂದು ಎಲ್ಲರೂ ತಿಳಿದರು, ನಿಜವಾಗಿ ಮುಖದ ಸಂತೋಷ ಮುಚ್ಚಿಕೊಳ್ಳುತ್ತಿದ್ದೆ. ಒಂದೊಂದು ಸೋಲಿಗೂ ಮನಸ್ಸಿನಲ್ಲೇ ಒಂದೊಂದು ತೆಂಗಿನಕಾಯಿ ಒಡೆದೆ. ಎಪ್ಪತ್ತು ವರ್ಷದ ಇತಿಹಾಸ ನನ್ನ ಮಂಡಿಗಿಂತ ದೊಡ್ಡದೇನೂ ಅಲ್ಲ ಎಂದು ಸಮಾಧಾನ ಹೇಳಿಕೊಂಡೆ.

ಹೀಗೆ ಕೊನೆಯ ಆಟ ಬಂತು. ಹಳೆಯ ಆಟಗಾರರೆಲ್ಲ ಬಂದಿದ್ದರು. ತಂಬಾಕಿನ ಹೊಲದ ಕಾಲದವರೊಬ್ಬರನ್ನು ಗಾಲಿಕುರ್ಚಿಯಲ್ಲಿ ಕರೆತಂದಿದ್ದರು. ವಾಲೇಸರು ಅವರ ಪಕ್ಕದಲ್ಲಿ, ಸಾವಿನ ಮನೆಗೆ ಬಂದವರ ಹಾಗೆ. ಆದರೆ ಅಂದು ನಮ್ಮ ಹುಡುಗರಿಗೆ ಏನಾಗಿತ್ತೋ, ಆಟ ಮುಗಿಯಲು ಒಂದು ನಿಮಿಷವೂ ಇಲ್ಲದಿರುವಾಗ ನಾವೇ ಮುಂದಿದ್ದೆವು! ಚೆಂಡು ನಮ್ಮದೇ. ಸುಮ್ಮನೆ ಹಿಡಿದುಕೊಂಡು ಕಾಲ ಕಳೆದರೆ ಸಾಕಿತ್ತು. ನನಗೆ ಬೇಡವಾದ ಗೆಲುವು ಕಣ್ಣೆದುರೇ ಬಲಿಯುತ್ತಿತ್ತು.

ಆಗ ನಮ್ಮ ಓಟಗಾರ ನೇರ ನನ್ನ ಕಡೆಗೆ ಓಡಿ ಬಂದ. ಅವನ ಹಿಂದೆ ಎದುರಾಳಿಗಳ ದಂಡು. ನೆಲ ಅದುರುವುದು ಪಾದಕ್ಕೆ ತಿಳಿಯುತ್ತಿತ್ತು. ಇನ್ನೊಂದು ಕೋಲಿನವನು ಯಾವಾಗಲೋ ಹಿಂದಕ್ಕೆ ಹಾರಿದ್ದ. ನನ್ನ ಮಂಡಿ ಬೀಗ ಹಾಕಿಕೊಂಡಿತು. ಧಡ್ ಎಂದು ಅವರು ನಮ್ಮ ಓಟಗಾರನಿಗೆ ಡಿಕ್ಕಿ ಹೊಡೆದರು. ಹತ್ತಿರವಿದ್ದ ರೆಫರಿ ಇಬ್ಬರ ಕೆಳಗೆ ಸಿಕ್ಕಿ ಬಿದ್ದ. ಚೆಂಡು ಜಾರಿ, ಪುಟಿದು, ಗೆರೆಯ ಹೊರಗಿದ್ದ ನನ್ನ ಬೂಟಿನ ತುದಿಗೆ ತಾಗಿ ಒಳಕ್ಕೆ ಹೋಯಿತು. ಎದುರಾಳಿಯೊಬ್ಬ ಅದನ್ನೆತ್ತಿಕೊಂಡು ಮೈದಾನದ ಆ ತುದಿಯವರೆಗೂ ಓಡಿ, ನಮ್ಮನ್ನು ಹಿಂದೆ ಹಾಕುವಷ್ಟು ಅಂಕ ಗಳಿಸಿಬಿಟ್ಟ. ಗೆಲುವು ಹೋಯಿತು, ಫುಟ್‌ಬಾಲ್ ಹೋಯಿತು, ನನ್ನ ಕೋಲೂ ಹೋಯಿತು.

ಎಲ್ಲರೂ ಅವನ ಓಟ ನೋಡುತ್ತಿದ್ದರು. ನಾನು ಮಾತ್ರ ಬಗ್ಗಿ, ಚೆಂಡು ತಾಗಿಹೋದ ಜಾಗದ ಹುಲ್ಲನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಿದ್ದೆ. ಬೇಕೆಂದು ಮಾಡಿದ್ದಲ್ಲ, ಕೈ ತಾನಾಗಿ ಹೋಗಿತ್ತು. ಅದೇ ಹೊತ್ತಿಗೆ ನೆಲದಿಂದ ತಲೆಯೆತ್ತಿದ ರೆಫರಿ ಅದನ್ನು ಕಂಡ.

“ಸರ್, ಈಗ ಏನು ಮಾಡಿದಿರಿ?”

ಹೌಹಾರಿದೆ. ಗೆರೆಯ ಹೊರಗೆ ನಿಂತವನಿಗೆ ತಾಗಿದ ಚೆಂಡು ಹೊರಗೆ ಹೋದಂತೆಯೇ ಲೆಕ್ಕ, ಹೊರಗೆ ಹೋದ ಚೆಂಡು ಕೊನೆಗೆ ಹಿಡಿದಿದ್ದ ತಂಡಕ್ಕೇ. ಹಾಗಾದರೆ ಆ ಓಟ ನಡೆದೇ ಇಲ್ಲ, ಚೆಂಡು ನಮ್ಮದೇ, ಆಟ ನಮ್ಮದೇ. ಇಷ್ಟು ನಿಯಮ ನನಗೂ ಗೊತ್ತಿತ್ತು. ‘ಏನೂ ಇಲ್ಲ, ಸೊಂಟ ಹಿಡಿದಿತ್ತು’ ಎಂದರೆ ಸಾಕು, ಜನ್ಮವಿಡೀ ಶನಿವಾರಗಳು ನನ್ನವು. ಬಾಯಿಗೂ ಬಂದಿತ್ತು. ಆದರೆ ಕಾಲು ತಾಗಿಸಿ, ಕಣ್ಣಿಗೊತ್ತಿಕೊಂಡು, ಮರುಕ್ಷಣವೇ ತಾಗಿಲ್ಲ ಎನ್ನುವುದೆ? ಕಲಿತದ್ದೆಲ್ಲ ಹೋಗಿ, ಸೋಮವಾರ ಬೋರ್ಡಿನ ಮುಂದೆ ಮಗ್ಗಿಯೂ ಬಾರದೆ ನಿಂತ ನನ್ನನ್ನೇ ನಾನು ಕಂಡೆ. ದೊಡ್ಡ ಹೆದರಿಕೆ ಮತ್ತೆ ಚಿಕ್ಕದನ್ನು ನುಂಗಿತು.

“ಚೆಂಡು ನನ್ನ ಕಾಲಿಗೆ ತಾಗಿತು. ನಮ್ಮಲ್ಲಿ ಹಾಗೆ ತಾಗಿದರೆ ಕ್ಷಮೆ ಕೇಳುತ್ತೇವೆ” ಎಂದೆ.

ಎದುರಾಳಿ ಕೋಚ್ ಕೆಂಪಗಾಗಿ ನನ್ನತ್ತ ನುಗ್ಗಿ ಬಂದು, “ಅವನು ಇವರ ಕಾಲೇಜಿನವನು! ಸುಳ್ಳು ಹೇಳ್ತಿದ್ದಾನೆ!” ಎಂದು ಅರಚಿದ. ನಾನು ಆಗಲೂ ಕದಲಲಿಲ್ಲ, ಕದಲಲು ಕಾಲೇ ಇರಲಿಲ್ಲ. ರೆಫರಿ ನನ್ನನ್ನು ಒಂದು ಗಳಿಗೆ ನೋಡಿ, “ಯಾರೂ ಕೇಳುವ ಮೊದಲೇ ಹುಲ್ಲಿನ ಕ್ಷಮೆ ಕೇಳುತ್ತಿದ್ದ ಮನುಷ್ಯ ಇವನು” ಎಂದು ಕೈ ಎತ್ತಿ ಚೆಂಡನ್ನು ನಮಗೆ ಕೊಟ್ಟ. ಆಟ ಮುಗಿಯಿತು. ನಾವು ಗೆದ್ದಿದ್ದೆವು.

ವಾಲೇಸರು ಹೊಸ ಸೊಂಟವನ್ನೂ ಲೆಕ್ಕಿಸದೆ ಬಂದು ತಬ್ಬಿಕೊಂಡರು. “ಎಲ್ಲರೂ ಓಡಿದರು ರಾಜ್, ನೀನೊಬ್ಬ ನಿಂತೆ!” ಎಂದು ಅತ್ತರು. ಆ ಮುದುಕರ ಅಳು ಕಂಡು, ಒಡೆದ ತೆಂಗಿನಕಾಯಿಗಳೆಲ್ಲ ನೆನಪಾಗಿ ನನಗೆ ನಿಜಕ್ಕೂ ನಾಚಿಕೆಯಾಯಿತು. ಅನು ಮೊದಲ ಬಾರಿಗೆ ಗೆಳತಿಯರಿಗೆ “ದಟ್ಸ್ ಮೈ ಅಪ್ಪ” ಎಂದಳು. ಕಾರಿನಲ್ಲಿ ಸುಮಾ ಮಾತ್ರ, “ನಿಮ್ಮ ಕಾಲ ಮ್ಯಾಲ ನೀವ ಕಲ್ಲು ಎತ್ತಿ ಹಾಕ್ಕೊಂಡ್ರೆಲ್ಲರೀ” ಎಂದು ನಿಟ್ಟುಸಿರು ಬಿಟ್ಟಳು.

ಫುಟ್‌ಬಾಲ್ ಉಳಿಯಿತು. ಕಾಲೇಜಿನ ಹಜಾರದಲ್ಲಿ ತಂಡದ ಇತಿಹಾಸದ ಸಾಲಿಗೆ ಒಂದು ಹೊಸ ಫೋಟೊ ಸೇರಿದೆ, ಯಾರದೋ ವಿಡಿಯೊದ ಮೂಲೆಯಲ್ಲಿ ಸಿಕ್ಕ, ಬಗ್ಗಿ ಹುಲ್ಲು ಮುಟ್ಟುತ್ತಿರುವ ನನ್ನದು. ಅದಕ್ಕಿಂತ ಕಷ್ಟದ್ದೆಂದರೆ, ಹುಡುಗರಿಗೆ ನನ್ನ ಬೂಟು ಶುಭ ಎಂಬ ನಂಬಿಕೆ ಹುಟ್ಟಿದೆ. ಈ ಸೀಸನ್‌ನಲ್ಲಿ ಪ್ರತಿ ಆಟಕ್ಕೂ ಮೊದಲು ಇಡೀ ತಂಡ ಹೆಲ್ಮೆಟ್ ತೊಟ್ಟು, ಗರ್ಜಿಸುತ್ತಾ ಮೈದಾನದ ಆ ತುದಿಯಿಂದ ನನ್ನತ್ತಲೇ ಓಡಿ ಬಂದು, ಚೆಂಡನ್ನು ನನ್ನ ಬೂಟಿಗೆ ತಾಗಿಸಿ ಒಬ್ಬೊಬ್ಬರಾಗಿ ಕಣ್ಣಿಗೊತ್ತಿಕೊಳ್ಳುತ್ತದೆ. ಮೊದಲು ಇವರು ನನ್ನ ಕಡೆಗೆ ಅಕಸ್ಮಾತ್ತಾಗಿ ಬರುತ್ತಿದ್ದರು, ಈಗ ಭಕ್ತಿಯಿಂದ ಬರುತ್ತಾರೆ. ನಾನು ಕಣ್ಣು ಗಟ್ಟಿಯಾಗಿ ಮುಚ್ಚಿ, ತುಟಿಯಲ್ಲೇ ಶಿವ ಶಿವಾ ಎನ್ನುತ್ತಾ ನಿಂತಿರುತ್ತೇನೆ. ಅವರು ಅದನ್ನು ಆಶೀರ್ವಾದ ಎಂದುಕೊಂಡಿದ್ದಾರೆ.